ಗ್ರಾಫಿಂಗ್ ಕ್ಯಾಲ್ಕುಲೇಟರ್‌ನಲ್ಲಿ ಆಟ: ಏನನ್ನೂ ಕಳೆದುಕೊಳ್ಳದೆ ಹಾಕಿಕೊಳ್ಳುವ ಬಗೆ

ಆಟ ನಡೆಯುತ್ತಿರುವಾಗಲೇ ಪರದೆ ಒಮ್ಮೆ ಬೆಳ್ಳಗಾಗಿ, ಮರುಕ್ಷಣ ‘ರ‍್ಯಾಮ್ ಕ್ಲಿಯರ್ಡ್’ ಎಂಬ ಎರಡೇ ಪದಗಳು ಉಳಿದಾಗ ಎದೆ ಧಸಕ್ಕೆನ್ನುತ್ತದೆ. ನನಗೆ ಇದು ಮೊದಲ ಸಲ ಆದಾಗ ಆಟವೇನೋ ಹೋಯಿತು, ಆದರೆ ಅದು ಹತ್ತು ನಿಮಿಷದಲ್ಲಿ ಮರಳಿ ಬಂತು. ಮರಳಿ ಬಾರದೆ ಹೋದದ್ದು ವರ್ಗ ಸಮೀಕರಣ ಬಿಡಿಸಲು, ತ್ರಿಭುಜದ ಬಾಹು ಕಂಡುಹಿಡಿಯಲು ನಾನೇ ಒಂದೊಂದು ಕೀ ಒತ್ತಿ ಬರೆದುಕೊಂಡಿದ್ದ ಪುಟ್ಟ ಪ್ರೋಗ್ರಾಮ್‌ಗಳು. ಅವುಗಳ ಪ್ರತಿ ಬೇರೆಲ್ಲೂ ಇರಲಿಲ್ಲ. ಹಾಗಾಗಿ ಈ ಲೇಖನದಲ್ಲಿ ಆಟಕ್ಕಿಂತ ಮೊದಲು ಮೆಮೊರಿಯ ಮಾತು ಬರುತ್ತದೆ. ಆತುರವಿದ್ದರೂ ಆ ಭಾಗವನ್ನು ಹಾರಿಸಬೇಡಿ.

ಗ್ರಾಫಿಂಗ್ ಕ್ಯಾಲ್ಕುಲೇಟರ್ ಎಂದರೆ ಸಮೀಕರಣದ ನಕ್ಷೆ ಬಿಡಿಸಿ ತೋರಿಸುವ, ಪ್ರೋಗ್ರಾಮ್ ಬರೆದು ಓಡಿಸಬಹುದಾದ ಕ್ಯಾಲ್ಕುಲೇಟರ್. ಇಲ್ಲಿನ ವಿವರಗಳು ಮುಖ್ಯವಾಗಿ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ (ಟಿಐ) ಕಂಪನಿಯ ಟಿಐ-84 ಪ್ಲಸ್ ಸಿಇ ಮತ್ತು ಅದರ ಹಿರಿಯ ಸಂಬಂಧಿ ಟಿಐ-84 ಪ್ಲಸ್ ಕುರಿತಾದವು. ಅತಿ ಹೆಚ್ಚು ಆಟಗಳು ಹುಟ್ಟಿರುವುದು ಈ ಕುಟುಂಬಕ್ಕಾಗಿಯೇ. ಕ್ಯಾಸಿಯೊ, ನಮ್‌ವರ್ಕ್ಸ್ ಯಂತ್ರಗಳ ವಿಷಯ ಮುಂದೆ ಚಿಕ್ಕದಾಗಿ ಬರುತ್ತದೆ.

ಮೊದಲು ಮಾದರಿ ಮತ್ತು ಆವೃತ್ತಿ ನೋಡಿಕೊಳ್ಳಿ

‘ಸೆಕೆಂಡ್’ ಕೀ ಒತ್ತಿ, ನಂತರ ಕೂಡುವ ಚಿಹ್ನೆಯ ಕೀ ಒತ್ತಿ. ಮೆಮೊರಿಯ ಮೆನು ತೆರೆಯುತ್ತದೆ. ಅದರಲ್ಲಿ ಮೊದಲನೆಯದಾದ ‘ಅಬೌಟ್’ ಆರಿಸಿದರೆ ಮಾದರಿಯ ಹೆಸರೂ ಆಪರೇಟಿಂಗ್ ಸಿಸ್ಟಮ್‌ನ ಆವೃತ್ತಿ ಸಂಖ್ಯೆಯೂ ಕಾಣುತ್ತವೆ. ಎರಡನ್ನೂ ಒಂದು ಚೀಟಿಯಲ್ಲಿ ಬರೆದಿಟ್ಟುಕೊಳ್ಳಿ.

ಮಾದರಿ ಏಕೆ ಮುಖ್ಯವೆಂದರೆ, ಹೆಸರಿನಲ್ಲಿ ಎರಡಕ್ಷರದ ವ್ಯತ್ಯಾಸವಿದ್ದರೂ ಒಳಗಿನ ಯಂತ್ರ ಬೇರೆಯದೇ ಆಗಿರುತ್ತದೆ. 2004ರ ಟಿಐ-84 ಪ್ಲಸ್‌ನಲ್ಲಿರುವುದು 15 ಮೆಗಾಹರ್ಟ್ಸ್ ವೇಗದ ಝಡ್80 ಪ್ರೊಸೆಸರ್. ಅದರ ಪರದೆ ಕಪ್ಪು-ಬಿಳುಪು, ಅಡ್ಡಕ್ಕೆ 96, ಉದ್ದಕ್ಕೆ 64 ಚುಕ್ಕೆಗಳು. 2015ರ ಸಿಇ ಮಾದರಿಯಲ್ಲಿ 48 ಮೆಗಾಹರ್ಟ್ಸ್‌ನ ಇಝಡ್80 ಪ್ರೊಸೆಸರ್, 320 ಅಡ್ಡ 240 ಚುಕ್ಕೆಗಳ ಬಣ್ಣದ ಪರದೆ ಇವೆ. ಒಂದಕ್ಕಾಗಿ ಅಸೆಂಬ್ಲಿಯಲ್ಲಿ (ಪ್ರೊಸೆಸರ್‌ಗೆ ನೇರವಾಗಿ ಆದೇಶ ಕೊಡುವ ಭಾಷೆಯಲ್ಲಿ) ಬರೆದ ಆಟ ಇನ್ನೊಂದರಲ್ಲಿ ಓಡುವುದಿಲ್ಲ, ಎರಡರ ಫೈಲ್ ಹೆಸರಿನ ಬಾಲ ಒಂದೇ ಆಗಿದ್ದರೂ ಕೂಡ. ಇಳಿಸಿಕೊಳ್ಳುವ ಪುಟದಲ್ಲಿ ‘ಸಿಇ’ ಎಂಬ ಎರಡಕ್ಷರ ಇದೆಯೇ ಇಲ್ಲವೇ ಎಂದು ಕಣ್ಣಿಟ್ಟು ನೋಡಿ. ಹೊಸಬರು ಎಡವುವುದು ಬಹುಮಟ್ಟಿಗೆ ಇಲ್ಲಿಯೇ.

ಆವೃತ್ತಿಯ ಕಥೆ ಸ್ವಲ್ಪ ಉದ್ದದ್ದು. ಕ್ಯಾಲ್ಕುಲೇಟರ್ ಆಟಗಳ ಚರಿತ್ರೆಯೆಂದರೆ ಯಂತ್ರದ ಬಾಗಿಲು ತೆರೆಯುವವರ ಮತ್ತು ಮುಚ್ಚುವವರ ನಡುವಿನ ಹಗ್ಗಜಗ್ಗಾಟ. ಟಿಐ-85 ಯಂತ್ರ ಅಸೆಂಬ್ಲಿ ಪ್ರೋಗ್ರಾಮ್ ಓಡಿಸಲೆಂದು ತಯಾರಾದದ್ದೇ ಅಲ್ಲ. 1994ರಲ್ಲಿ ಹವ್ಯಾಸಿಗಳು ಅದರ ಮೆಮೊರಿಯ ಬ್ಯಾಕಪ್ ಫೈಲನ್ನು ತಿದ್ದಿ ಮರಳಿ ಕಳಿಸಿ, ಝಡ್‌ಶೆಲ್ ಎಂಬ ಪ್ರೋಗ್ರಾಮನ್ನು ಒಳಗೆ ನುಗ್ಗಿಸಿದರು. ಅಲ್ಲಿಂದ ಆಟಗಳ ಹೊಳೆಯೇ ಹರಿಯಿತು. ಆಮೇಲಿನ ಮಾದರಿಗಳಲ್ಲಿ ಕಂಪನಿಯೇ ಅಸೆಂಬ್ಲಿಗೆ ಅವಕಾಶ ಕೊಟ್ಟಿತು. 2009ರಲ್ಲಿ ಟಿಐ-83 ಪ್ಲಸ್‌ನ ಆಪರೇಟಿಂಗ್ ಸಿಸ್ಟಮ್‌ಗೆ ಅಸಲಿಯೆಂದು ಸಹಿ ಹಾಕುವ ಗುಪ್ತ ಕೀಲಿಯನ್ನು, 512 ಬಿಟ್‌ಗಳ ಸಂಖ್ಯೆಯೊಂದನ್ನು ಅಪವರ್ತಿಸುವ ಮೂಲಕ ಹವ್ಯಾಸಿಯೊಬ್ಬರು ಕಂಡುಹಿಡಿದರು. ಶಾಲೆಯಲ್ಲಿ ಕಲಿತ ಅಪವರ್ತನ ಎಷ್ಟು ದೂರ ಹೋಗಬಲ್ಲದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. 2020ರಲ್ಲಿ ಬಾಗಿಲು ಮತ್ತೆ ಮುಚ್ಚಿತು. ಪರೀಕ್ಷೆಯ ಭದ್ರತೆಯ ಕಾರಣ ಕೊಟ್ಟು, ಸಿಇ ಮಾದರಿಯ 5.5 ಆವೃತ್ತಿಯಿಂದ ಅಸೆಂಬ್ಲಿ ಮತ್ತು ಸಿ ಭಾಷೆಯ ಪ್ರೋಗ್ರಾಮ್‌ಗಳನ್ನು ಓಡಿಸುವ ಸೌಲಭ್ಯವನ್ನು ಕಂಪನಿ ತೆಗೆದುಹಾಕಿತು.

ಆದ್ದರಿಂದ ನಿಮ್ಮ ಸಿಇಯಲ್ಲಿ 5.5ಕ್ಕಿಂತ ಹಳೆಯ ಆವೃತ್ತಿ ಇದ್ದರೆ, ಗಟ್ಟಿ ಕಾರಣವಿಲ್ಲದೆ ಅಪ್‌ಡೇಟ್ ಮಾಡಬೇಡಿ. ಮೇಲೇರುವುದು ಸುಲಭ, ಅದೇ ಮೆಟ್ಟಿಲಲ್ಲಿ ಕೆಳಗಿಳಿಯಲು ಯಂತ್ರ ಬಿಡುವುದಿಲ್ಲ. 5.5 ಅಥವಾ ಅದಕ್ಕಿಂತ ಹೊಸದಿದ್ದರೆ ಇನ್ನೊಂದು ಹೆಜ್ಜೆ ಹೆಚ್ಚು ಬೇಕಾಗುತ್ತದೆ, ಅದನ್ನು ಮುಂದೆ ಹೇಳುತ್ತೇನೆ. ಹಳೆಯ ಕಪ್ಪು-ಬಿಳುಪು ಯಂತ್ರದವರಿಗೆ ಈ ತಲೆನೋವಿಲ್ಲ.

ರ‍್ಯಾಮ್ ಮತ್ತು ಆರ್ಕೈವ್

ಯಂತ್ರದೊಳಗೆ ಎರಡು ಉಗ್ರಾಣಗಳಿವೆ. ರ‍್ಯಾಮ್ ಎಂಬುದು ಮೇಜಿನ ಹಾಗೆ, ಕೆಲಸ ನಡೆಯುವುದು ಅದರ ಮೇಲೆ. ಮೇಜು ಅಲುಗಿದರೆ ಅದರ ಮೇಲಿದ್ದದ್ದೆಲ್ಲ ನೆಲಕ್ಕೆ. ಆರ್ಕೈವ್ ಎಂಬುದು ಗೋಡೆಯ ಕಪಾಟು. ಯಂತ್ರ ಕಂಗೆಟ್ಟು ರ‍್ಯಾಮ್ ಅಳಿಸಿಹೋದರೂ ಅದರಲ್ಲಿಟ್ಟದ್ದು ಹಾಗೇ ಇರುತ್ತದೆ. ಟಿಐ-84 ಪ್ಲಸ್‌ನಲ್ಲಿ ಬಳಕೆದಾರರಿಗೆ ಸಿಗುವ ರ‍್ಯಾಮ್ ಸುಮಾರು 24 ಕಿಲೋಬೈಟ್, ಆರ್ಕೈವ್ 480 ಕಿಲೋಬೈಟ್. ಸಿಇಯಲ್ಲಿ ಇವು 154 ಕಿಲೋಬೈಟ್ ಮತ್ತು 3 ಮೆಗಾಬೈಟ್. ಇಂದು ಮೊಬೈಲ್‌ನಲ್ಲಿ ತೆಗೆದ ಒಂದೇ ಒಂದು ಚಿತ್ರಕ್ಕೂ ಸಾಲದ ಜಾಗ ಇದು, ಆದರೂ ಇಷ್ಟರಲ್ಲೇ ಹತ್ತಾರು ಆಟಗಳು ಹಿಡಿಯುತ್ತವೆ.

ಈಗ ಮಾಡಬೇಕಾದ್ದು: ಮತ್ತೆ ‘ಸೆಕೆಂಡ್’ ಮತ್ತು ಕೂಡುವ ಕೀ ಒತ್ತಿ, ಎರಡನೆಯ ಆಯ್ಕೆಯಾದ ಮೆಮೊರಿ ನಿರ್ವಹಣೆಗೆ ಹೋಗಿ. ಮೇಲ್ಭಾಗದಲ್ಲಿ ಎರಡೂ ಉಗ್ರಾಣಗಳಲ್ಲಿ ಉಳಿದಿರುವ ಜಾಗ ಬೈಟ್‌ಗಳಲ್ಲಿ ಕಾಣುತ್ತದೆ. ಕೆಳಗಿನ ಪಟ್ಟಿಯಲ್ಲಿ ಪ್ರೋಗ್ರಾಮ್‌ಗಳನ್ನು ತೆರೆಯಿರಿ. ನಿಮಗೆ ಬೇಕಾದ ಪ್ರೋಗ್ರಾಮ್‌ನ ಎದುರು ಬಾಣ ನಿಲ್ಲಿಸಿ ‘ಎಂಟರ್’ ಒತ್ತಿದರೆ ಹೆಸರಿನ ಪಕ್ಕ ಒಂದು ಪುಟ್ಟ ನಕ್ಷತ್ರ ಮೂಡುತ್ತದೆ. ಅದು ಕಪಾಟು ಸೇರಿತೆಂದು ಅರ್ಥ. ಇನ್ನೊಮ್ಮೆ ಒತ್ತಿದರೆ ನಕ್ಷತ್ರ ಮಾಯವಾಗಿ ಅದು ಮೇಜಿಗೆ ಮರಳುತ್ತದೆ. ಇದೇ ಪಟ್ಟಿಯಲ್ಲಿ ‘ಡೆಲ್’ ಕೀ ಅಳಿಸುವ ಕೆಲಸ ಮಾಡುವುದರಿಂದ ಬೆರಳು ತಪ್ಪದಂತೆ ನೋಡಿಕೊಳ್ಳಿ.

ನಿಮ್ಮ ಸ್ವಂತ ಪ್ರೋಗ್ರಾಮ್‌ಗಳು, ದತ್ತಾಂಶದ ಪಟ್ಟಿಗಳು, ಮ್ಯಾಟ್ರಿಕ್ಸ್‌ಗಳು, ಕಳೆದುಹೋದರೆ ಬೇಸರವಾಗುವಂಥದ್ದು ಏನಿದ್ದರೂ ಅದಕ್ಕೆ ಈಗಲೇ ನಕ್ಷತ್ರ ಹಾಕಿಬಿಡಿ. ಎಲ್ಲಕ್ಕೂ ಸೇರಿ ಎರಡು ನಿಮಿಷದ ಕೆಲಸ.

ಕೇಬಲ್, ಕಂಪ್ಯೂಟರ್ ಮತ್ತು ಒಂದು ಪ್ರತಿ

ಟಿಐ-84 ಪ್ಲಸ್ ಮತ್ತು ಸಿಇ ಎರಡಕ್ಕೂ ಬೇಕಾಗುವುದು ಮಿನಿ ಯುಎಸ್‌ಬಿ ಕೇಬಲ್. ಮೊಬೈಲ್‌ಗಳಿಗೆ ಬರುತ್ತಿದ್ದ ಮೈಕ್ರೋ ಯುಎಸ್‌ಬಿ ಇದಲ್ಲ. ಮಿನಿಯ ತುದಿ ಅದಕ್ಕಿಂತ ದಪ್ಪ. ಇನ್ನೊಂದು ಎಚ್ಚರ: ಕೆಲವು ಕೇಬಲ್‌ಗಳಲ್ಲಿ ಚಾರ್ಜ್ ಮಾಡುವ ತಂತಿಗಳಷ್ಟೇ ಇರುತ್ತವೆ, ದತ್ತಾಂಶ ಹರಿಯುವುದಿಲ್ಲ. ಕ್ಯಾಲ್ಕುಲೇಟರ್ ಚಾರ್ಜ್ ಆಗುತ್ತಿದ್ದು ಕಂಪ್ಯೂಟರ್‌ಗೆ ಮಾತ್ರ ಕಾಣದಿದ್ದರೆ ಮೊದಲು ಕೇಬಲ್ ಬದಲಿಸಿ ನೋಡಿ.

ಕಂಪ್ಯೂಟರ್‌ನಲ್ಲಿ ‘ಟಿಐ ಕನೆಕ್ಟ್ ಸಿಇ’ ತಂತ್ರಾಂಶವನ್ನು ಕಂಪನಿಯ ತಾಣದಿಂದ ಉಚಿತವಾಗಿ ಇಳಿಸಿಕೊಳ್ಳಿ. ವಿಂಡೋಸ್ ಮತ್ತು ಮ್ಯಾಕ್‌ಗಳಲ್ಲಿ ಅದು ನಡೆಯುತ್ತದೆ. ಲಿನಕ್ಸ್ ಬಳಸುವವರಿಗೆ ಹವ್ಯಾಸಿಗಳು ರೂಪಿಸಿದ ‘ಟಿಐಎಲ್‌ಪಿ’ ಇದೆ. ಕ್ಯಾಲ್ಕುಲೇಟರ್ ಆನ್ ಮಾಡಿ, ಕೇಬಲ್ ಸಿಕ್ಕಿಸಿ, ತಂತ್ರಾಂಶ ತೆರೆಯಿರಿ. ಯಂತ್ರದೊಳಗಿನ ಫೈಲ್‌ಗಳ ಪಟ್ಟಿ ತೋರಿಸುವ ಕಿಟಕಿ ಅದರಲ್ಲಿದೆ.

ಒಳಕ್ಕೆ ಏನನ್ನೂ ಕಳಿಸುವ ಮೊದಲು ಹೊರಕ್ಕೆ ತೆಗೆಯಿರಿ. ಆ ಪಟ್ಟಿಯಲ್ಲಿ ನಿಮ್ಮ ಪ್ರೋಗ್ರಾಮ್‌ಗಳನ್ನೆಲ್ಲ ಆರಿಸಿ ಕಂಪ್ಯೂಟರ್‌ನ ಒಂದು ಫೋಲ್ಡರ್‌ಗೆ ಎಳೆದು ಹಾಕಿ. ನಕ್ಷತ್ರ ಹಾಕಿದ್ದು ಒಂದು ರಕ್ಷಣೆ, ಇದು ಎರಡನೆಯದು.

ಯಾವ ಫೈಲ್ ಏನು

ಆಟಗಳ ದೊಡ್ಡ ಸಂಗ್ರಹಗಳು ಮೂರು: 1996ರಿಂದ ನಡೆದುಬಂದಿರುವ ಟಿಐಕ್ಯಾಲ್ಕ್, ಸೆಮೆಟೆಕ್, ಮತ್ತು ಫ್ರೆಂಚ್ ಹವ್ಯಾಸಿಗಳ ಟಿಐ-ಪ್ಲಾನೆಟ್. ಆಟ ಸಾಮಾನ್ಯವಾಗಿ ಜಿಪ್ ಕಟ್ಟಿನಲ್ಲಿ ಬರುತ್ತದೆ. ಅದನ್ನು ಬಿಚ್ಚದೆ ನೇರವಾಗಿ ಕ್ಯಾಲ್ಕುಲೇಟರ್‌ಗೆ ಕಳಿಸಲಾಗದು. ಬಿಚ್ಚಿದ ಮೇಲೆ ಒಳಗಿರುವ ‘ರೀಡ್‌ಮಿ’ ಫೈಲನ್ನು ಓದಿ. ಆಟಕ್ಕೆ ಯಾವ ಲೈಬ್ರರಿ ಬೇಕು, ಹೊರಬರಲು ಯಾವ ಕೀ ಎಂಬ ಎರಡು ಸಂಗತಿಗಳು ಅದರಲ್ಲಿ ಇದ್ದೇ ಇರುತ್ತವೆ.

‘8ಎಕ್ಸ್‌ಪಿ’ ಎಂದು ಕೊನೆಗೊಳ್ಳುವುದು ಪ್ರೋಗ್ರಾಮ್. ‘8ಎಕ್ಸ್‌ವಿ’ ಎಂಬುದು ಆಟ ಬಳಸುವ ದತ್ತಾಂಶ: ಚಿತ್ರಗಳು, ಹಂತಗಳ ನಕ್ಷೆ, ಗಳಿಸಿದ ಅಂಕ. ‘8ಎಕ್ಸ್‌ಜಿ’ ಎಂದರೆ ಹಲವನ್ನು ಸೇರಿಸಿ ಕಟ್ಟಿದ ಗುಂಪು. ಅಪ್ಲಿಕೇಶನ್‌ಗಳಾದರೆ ಹಳೆಯ ಯಂತ್ರಕ್ಕೆ ‘8ಎಕ್ಸ್‌ಕೆ’, ಸಿಇಗೆ ‘8ಇಕೆ’. ಕಟ್ಟಿನಲ್ಲಿ ಒಂದು ಪ್ರೋಗ್ರಾಮ್ ಜೊತೆ ನಾಲ್ಕು ದತ್ತಾಂಶದ ಫೈಲ್‌ಗಳಿದ್ದರೆ ಐದನ್ನೂ ಕಳಿಸಬೇಕು.

ಒಂದು ಸೂಕ್ಷ್ಮ ಸಂಗತಿ ಇಲ್ಲೇ ಹೇಳಿಬಿಡುತ್ತೇನೆ. ಕಂಪ್ಯೂಟರ್‌ನಲ್ಲಿ ಫೈಲಿನ ಹೆಸರು ಬದಲಿಸಿದರೂ ಕ್ಯಾಲ್ಕುಲೇಟರ್‌ನಲ್ಲಿ ಅದು ಹಳೆಯ ಹೆಸರಿನಲ್ಲೇ ಕಾಣಿಸಿಕೊಳ್ಳುತ್ತದೆ. ಯಂತ್ರ ನೋಡುವ ಹೆಸರು, ಹೆಚ್ಚೆಂದರೆ ಎಂಟು ಅಕ್ಷರಗಳದ್ದು, ಫೈಲಿನ ಒಳಗೇ ಬರೆದಿರುತ್ತದೆ. ಒಂದೇ ಒಳಹೆಸರಿನ ಎರಡು ಆಟಗಳನ್ನು ಕಳಿಸಿದರೆ ಎರಡನೆಯದು ಮೊದಲನೆಯದರ ಜಾಗಕ್ಕೆ ಬಂದು ಕೂರುತ್ತದೆ. ‘ಸ್ನೇಕ್’ ಎಂಬ ಹೆಸರಿನ ಆಟಗಳು ಎಷ್ಟಿವೆಯೋ ಲೆಕ್ಕವಿಲ್ಲ, ಆದ್ದರಿಂದ ಇದು ನೆನಪಿರಲಿ.

ಲೈಬ್ರರಿ ಮತ್ತು ಶೆಲ್

ಸಿಇಯ ಒಳ್ಳೆಯ ಆಟಗಳಲ್ಲಿ ಬಹುಪಾಲು ಸಿ ಭಾಷೆಯಲ್ಲಿ ಬರೆದವು. ಪರದೆಯ ಮೇಲೆ ಚಿತ್ರ ಮೂಡಿಸುವುದು, ಕೀ ಒತ್ತಿದ್ದನ್ನು ಓದುವುದು, ಫೈಲ್ ತೆರೆಯುವುದು ಇಂಥ ಸಮಾನ ಕೆಲಸಗಳನ್ನು ಪ್ರತಿ ಆಟವೂ ತಾನೇ ಹೊತ್ತು ತಿರುಗುವ ಬದಲು, ಎಲ್ಲವೂ ಹಂಚಿಕೊಳ್ಳುವ ಲೈಬ್ರರಿಗಳಿವೆ. ಇವೆಲ್ಲ ‘ಸಿಲಿಬ್ಸ್’ ಎಂಬ ಒಂದೇ ಗುಂಪು ಫೈಲಿನಲ್ಲಿ ಸಿಗುತ್ತವೆ. ಒಮ್ಮೆ ಕಳಿಸಿದರೆ ಎಲ್ಲ ಆಟಗಳಿಗೂ ಆಯಿತು. ಆಟ ತೆರೆದೊಡನೆ ಲೈಬ್ರರಿ ಇಲ್ಲವೆಂಬ ಸಂದೇಶ ಬಂದರೆ, ಒಂದೋ ಇದನ್ನು ಕಳಿಸಿಲ್ಲ, ಇಲ್ಲವೇ ಕಳಿಸಿದ್ದು ಹಳೆಯದಾಗಿದೆ. ಎರಡಕ್ಕೂ ಮದ್ದು ಒಂದೇ: ಹೊಸ ಸಿಲಿಬ್ಸ್ ತಂದು, ಇರುವುದರ ಮೇಲೆಯೇ ಕಳಿಸುವುದು.

ಶೆಲ್ ಎಂಬುದು ಆಟಗಳನ್ನು ಸಾಲಾಗಿ ತೋರಿಸಿ ಓಡಿಸುವ ಪ್ರೋಗ್ರಾಮ್. ಸಿಇಗೆ ‘ಸೀಸಿಯಮ್’, ಕಪ್ಪು-ಬಿಳುಪು ಯಂತ್ರಗಳಿಗೆ ‘ಮಿರಾಜ್‌ಓಎಸ್’ ಅಥವಾ ‘ಡೋರ್ಸ್ ಸಿಎಸ್’ ಹೆಸರಾದವು. ಶೆಲ್ ಇಲ್ಲದೆಯೂ ಆಡಬಹುದು, ಆದರೆ ನಾನು ಶೆಲ್ ಇಲ್ಲದ ಯಂತ್ರ ಇಟ್ಟುಕೊಳ್ಳುವುದಿಲ್ಲ. ಕಾರಣ ಮೆಮೊರಿಯೇ. ಕಪಾಟಿನಲ್ಲಿರುವ ಬೇಸಿಕ್ (ಯಂತ್ರದಲ್ಲೇ ಬರೆಯಬಹುದಾದ ಸರಳ ಭಾಷೆ) ಆಟವೊಂದನ್ನು ಪ್ರೋಗ್ರಾಮ್ ಮೆನುವಿನಿಂದ ನೇರವಾಗಿ ಓಡಿಸಹೋದರೆ ‘ಆರ್ಕೈವ್ಡ್’ ಎಂಬ ದೋಷ ಸಂದೇಶ ಬರುತ್ತದೆ. ಮೇಜಿಗೆ ತಂದು, ಆಡಿ, ಮತ್ತೆ ಕಪಾಟಿಗೆ ಇಡುವ ಕೆಲಸ ನಮ್ಮ ಪಾಲಿಗೆ ಬರುತ್ತದೆ. ಮರಳಿ ಇಡಲು ಒಮ್ಮೆ ಮರೆತರೂ ಸಾಕು. ಶೆಲ್ ಆಟದ ಮೂಲ ಪ್ರತಿಯನ್ನು ಕಪಾಟಿನಲ್ಲೇ ಬಿಟ್ಟು, ತಾತ್ಕಾಲಿಕ ಪ್ರತಿಯೊಂದನ್ನು ಮೇಜಿನ ಮೇಲೆ ಓಡಿಸುತ್ತದೆ.

ಇನ್ನು 5.5 ಅಥವಾ ಹೊಸ ಆವೃತ್ತಿಯ ಸಿಇ ಉಳ್ಳವರಿಗೆ ಬೇಕಾದ ಹೆಚ್ಚಿನ ಹೆಜ್ಜೆ. ‘ಆರ್ಟಿಫಿಸ್’ ಎಂಬ ಹವ್ಯಾಸಿ ಸಾಧನವೊಂದು 2020ರಲ್ಲೇ ಬಂತು. ಯಂತ್ರದ ಜೊತೆಗೇ ಬರುವ ‘ಕ್ಯಾಬ್ರಿ ಜೂನಿಯರ್’ ಎಂಬ ರೇಖಾಗಣಿತದ ಅಪ್ಲಿಕೇಶನ್ ಮೂಲಕ ಅದು ಅಸೆಂಬ್ಲಿಯ ಬಾಗಿಲನ್ನು ಮತ್ತೆ ತೆರೆಯುತ್ತದೆ. ಅದರ ಫೈಲನ್ನು ಕಳಿಸಿ, ಕ್ಯಾಬ್ರಿ ಜೂನಿಯರ್ ತೆರೆದು, ಫೈಲ್ ಮೆನುವಿನ ‘ಓಪನ್’ ಆಯ್ಕೆಯಿಂದ ಅದನ್ನು ಆರಿಸಿದರೆ ಕೆಲಸ ಶುರುವಾಗುತ್ತದೆ. ಅಲ್ಲಿಂದ ಸೀಸಿಯಮ್ ಓಡಿಸಿ ಅಪ್ಲಿಕೇಶನ್ ಆಗಿ ಸ್ಥಾಪಿಸಿಕೊಂಡರೆ, ಮುಂದೆ ‘ಆ್ಯಪ್ಸ್’ ಕೀಯಿಂದಲೇ ಅದು ಸಿಗುತ್ತದೆ. ಯಾವ ಆವೃತ್ತಿಗೆ ಆರ್ಟಿಫಿಸ್‌ನ ಯಾವ ರೂಪ ಹೊಂದುತ್ತದೆ ಎಂಬುದನ್ನು ಅದರ ಸ್ವಂತ ಪುಟದಲ್ಲಿ, ಚೀಟಿಯಲ್ಲಿ ಬರೆದಿಟ್ಟ ಸಂಖ್ಯೆಯೊಂದಿಗೆ ಹೋಲಿಸಿಯೇ ಮುಂದುವರಿಯಿರಿ. ಯಂತ್ರ ಶಾಲೆಯದ್ದೋ ಇನ್ನೊಬ್ಬರದ್ದೋ ಆಗಿದ್ದರೆ ಅನುಮತಿ ಇಲ್ಲದೆ ಈ ಹೆಜ್ಜೆ ಇಡಬೇಡಿ.

ಕಳಿಸುವುದು, ಓಡಿಸುವುದು

ಫೈಲ್‌ಗಳನ್ನೆಲ್ಲ ಒಟ್ಟಿಗೆ ಆರಿಸಿ ತಂತ್ರಾಂಶದ ಕಿಟಕಿಯೊಳಕ್ಕೆ ಎಳೆದುಬಿಡಿ. ಕಳಿಸುವ ಮೊದಲು ಒಂದು ಚೌಕಟ್ಟು ತೆರೆದು, ಪ್ರತಿ ಫೈಲ್ ಎಲ್ಲಿಗೆ ಹೋಗಬೇಕೆಂದು ಕೇಳುತ್ತದೆ: ರ‍್ಯಾಮೋ ಆರ್ಕೈವೋ. ಎಲ್ಲವನ್ನೂ ಆರ್ಕೈವ್ ಮಾಡಿ. ಆಮೇಲೆ ಕಳಿಸಿ. ಕಳಿಸುವಾಗ ಕೇಬಲ್ ಅಲುಗಿಸಬೇಡಿ, ಕೀ ಒತ್ತಬೇಡಿ.

ಕ್ರಮ ಹೀಗಿರಲಿ: ಮೊದಲು ಲೈಬ್ರರಿ, ನಂತರ ಶೆಲ್, ಕೊನೆಗೆ ಆಟ. ಮೊದಲ ದಿನ ಒಂದೇ ಆಟ ಹಾಕಿ. ಇಪ್ಪತ್ತು ಆಟ ಒಟ್ಟಿಗೆ ಸುರಿದು ಯಂತ್ರ ತೊಂದರೆ ಕೊಟ್ಟರೆ ಯಾವುದರಿಂದ ಬಂತೆಂದು ಪತ್ತೆ ಮಾಡಲು ಇಡೀ ಸಂಜೆ ಬೇಕಾಗುತ್ತದೆ.

ಶೆಲ್ ಇದ್ದರೆ ಅದನ್ನು ತೆರೆದು, ಆಟದ ಮೇಲೆ ಬಾಣ ತಂದು ‘ಎಂಟರ್’ ಒತ್ತಿದರೆ ಸಾಕು. ಶೆಲ್ ಇಲ್ಲದಿದ್ದರೆ ‘ಪ್ರೋಗ್ರಾಮ್’ ಕೀ ಒತ್ತಿ, ಹೆಸರು ಆರಿಸಿ, ಎರಡು ಸಲ ‘ಎಂಟರ್’. ಹಳೆಯ ಆವೃತ್ತಿಗಳಲ್ಲಿ ಅಸೆಂಬ್ಲಿ ಆಟಕ್ಕೆ ಮುಂಚೆ ‘ಎಎಸ್‌ಎಂ’ ಎಂಬ ಆದೇಶ ಬೇಕು. ‘ಸೆಕೆಂಡ್’ ಮತ್ತು ಸೊನ್ನೆ ಒತ್ತಿದರೆ ತೆರೆಯುವ ಕ್ಯಾಟಲಾಗ್‌ನಿಂದ ಅದನ್ನು ಆರಿಸಿ, ಅದರ ಮುಂದೆ ಪ್ರೋಗ್ರಾಮ್‌ನ ಹೆಸರು ಬರುವಂತೆ ಮಾಡಿ.

ಆಡುವಾಗ ಬಾಣದ ಕೀಗಳು ಚಲನೆಗೆ, ‘ಸೆಕೆಂಡ್’ ಕೀ ಗುಂಡು ಹಾರಿಸಲು ಅಥವಾ ನೆಗೆಯಲು ಎಂಬುದು ಹವ್ಯಾಸಿಗಳಲ್ಲಿ ಬೆಳೆದುಬಂದ ವಾಡಿಕೆ. ಎಡಗೈ ಹೆಬ್ಬೆರಳು ‘ಸೆಕೆಂಡ್’ ಮೇಲೆ, ಬಲಗೈ ಹೆಬ್ಬೆರಳು ಬಾಣಗಳ ಮೇಲೆ ತಾನಾಗಿ ಬಂದು ಕೂರುತ್ತವೆ. ಹೊರಬರಲು ಸಾಮಾನ್ಯವಾಗಿ ‘ಕ್ಲಿಯರ್’, ಕೆಲವೆಡೆ ‘ಮೋಡ್’. ಬೇಸಿಕ್ ಆಟವಾದರೆ ‘ಆನ್’ ಕೀ ಒತ್ತಿ ನಿಲ್ಲಿಸಬಹುದು. ಅಸೆಂಬ್ಲಿ ಆಟಗಳು ‘ಆನ್’ ಕೀಗೆ ಕಿವಿಗೊಡಬೇಕೆಂದಿಲ್ಲ, ಆಗ ರೀಡ್‌ಮಿಯಲ್ಲಿ ಹೇಳಿದ ಕೀಯೇ ಗತಿ. ಪರದೆ ಮಂಕಾಗಿದ್ದರೆ ಆಟಕ್ಕೆ ಮುಂಚೆಯೇ ‘ಸೆಕೆಂಡ್’ ಒತ್ತಿ, ಮೇಲಿನ ಬಾಣ ಹಿಡಿದು ಸರಿಪಡಿಸಿಕೊಳ್ಳಿ.

ಕಪ್ಪು-ಬಿಳುಪು ಯಂತ್ರದಲ್ಲಿ ಅಕ್ಷರಗಳಿಂದಲೇ ಚಿತ್ರ ಕಟ್ಟುವ ಬೇಸಿಕ್ ಆಟಗಳು ಅಸ್ತವ್ಯಸ್ತವಾಗಿ ಕಂಡರೆ, ಇಲ್ಲವೇ ಕುಂಟುತ್ತ ಸಾಗಿದರೆ, ‘ಮೋಡ್’ ಪರದೆಗೆ ಹೋಗಿ ಮ್ಯಾಥ್‌ಪ್ರಿಂಟ್ ಬದಲು ಕ್ಲಾಸಿಕ್ ಆರಿಸಿ.

ಯಂತ್ರ ಮುನಿಸಿಕೊಂಡಾಗ

ಪರದೆ ಹೆಪ್ಪುಗಟ್ಟಿ ಯಾವ ಕೀಗೂ ಜಗ್ಗದಿದ್ದರೆ ಗಾಬರಿ ಬೇಡ. ಸಿಇಯ ಬೆನ್ನ ಮೇಲೆ ಪುಟ್ಟ ರೀಸೆಟ್ ಗುಂಡಿ ಇದೆ, ಮೊನಚಾದ ವಸ್ತುವಿನಿಂದ ಒಮ್ಮೆ ಒತ್ತಿ. ಟಿಐ-84 ಪ್ಲಸ್‌ನಲ್ಲಿ ನಾಲ್ಕು ಬ್ಯಾಟರಿಗಳಲ್ಲಿ ಒಂದನ್ನು ತೆಗೆದು ಮತ್ತೆ ಹಾಕಿ. ರ‍್ಯಾಮ್ ಅಳಿಸಿಹೋಗುತ್ತದೆ, ನಕ್ಷತ್ರವಿದ್ದದ್ದೆಲ್ಲ ಇರುತ್ತದೆ. ಹಾಳಾದ ಆಟದಿಂದ ಯಂತ್ರವೇ ಶಾಶ್ವತವಾಗಿ ಕೆಟ್ಟುಹೋಗುವುದು ತೀರ ಅಪರೂಪ. ಕೆಡುವುದು ಮೇಜಿನ ಮೇಲೆ ಬಿಟ್ಟ ನಮ್ಮ ಕೆಲಸ. ಯಂತ್ರ ಎದ್ದ ಮೇಲೆ ಕೋನದ ಅಳತೆ ರೇಡಿಯನ್‌ನಲ್ಲಿದೆಯೋ ಡಿಗ್ರಿಯಲ್ಲಿದೆಯೋ ಎಂದು ‘ಮೋಡ್’ನಲ್ಲಿ ನೋಡಿಕೊಳ್ಳುವುದನ್ನು ಮರೆಯಬೇಡಿ, ಏಕೆಂದರೆ ಎಲ್ಲ ಹೊಂದಿಕೆಗಳೂ ಕಾರ್ಖಾನೆಯಿಂದ ಬಂದಾಗಿನ ಸ್ಥಿತಿಗೆ ಮರಳಿರುತ್ತವೆ. ಸೈನ್ 30 ಎಂದು ಒತ್ತಿ ಅರ್ಧ ಬರದಿದ್ದಾಗ ಬಹಳ ಮಂದಿ ಯಂತ್ರ ಕೆಟ್ಟಿತೆಂದೇ ನಂಬಿಬಿಡುತ್ತಾರೆ.

‘ಮೆಮೊರಿ’ ದೋಷ ಬಂದರೆ ಮೇಜಿನ ಮೇಲೆ ಜಾಗವಿಲ್ಲ ಎಂದರ್ಥ. ಬೇರೆ ಪ್ರೋಗ್ರಾಮ್‌ಗಳನ್ನು ಕಪಾಟಿಗೆ ಕಳಿಸಿ. ‘ಗಾರ್ಬೇಜ್ ಕಲೆಕ್ಟ್?’ ಎಂದು ಕೇಳಿದರೆ ಹೆದರದೆ ಹೌದು ಎನ್ನಿ. ಆರ್ಕೈವ್‌ನ ಫ್ಲ್ಯಾಶ್ ಮೆಮೊರಿಯನ್ನು ಬಿಡಿ ಬಿಡಿಯಾಗಿ ಅಳಿಸಲಾಗದು, 64 ಕಿಲೋಬೈಟ್‌ಗಳ ಇಡೀ ತುಂಡನ್ನೇ ಒಮ್ಮೆಗೆ ಅಳಿಸಬೇಕು. ಹಾಗಾಗಿ ನೀವು ಅಳಿಸಿದ ಫೈಲ್‌ಗಳ ಜಾಗ ಕೂಡಲೇ ಖಾಲಿಯಾಗದೆ, ಅಲ್ಲಲ್ಲಿ ಹುಳುಕಾಗಿ ಉಳಿದಿರುತ್ತದೆ. ಯಂತ್ರ ಆಗಾಗ ಉಪಯುಕ್ತ ಫೈಲ್‌ಗಳನ್ನು ಒಂದೆಡೆ ಒತ್ತಿಟ್ಟು, ಉಳಿದದ್ದನ್ನು ಗುಡಿಸುತ್ತದೆ. ಅದು ಮುಗಿಯುವವರೆಗೆ ಯಂತ್ರವನ್ನು ಮುಟ್ಟಬೇಡಿ, ಬ್ಯಾಟರಿ ತೆಗೆಯಲೇಬೇಡಿ. ರ‍್ಯಾಮ್ ಅಲ್ಲದೆ ಆರ್ಕೈವ್ ಕೂಡ ಹಾಳಾಗಬಹುದಾದ ಕ್ಷಣವಿದ್ದರೆ ಅದು ಇದೇ.

ಅಪರಿಚಿತ ಹೆಸರಿನ ದತ್ತಾಂಶ ಫೈಲ್‌ಗಳು ಕಂಡವೆಂದು ಅಳಿಸಲು ಹೋಗಬೇಡಿ. ಅವು ಲೈಬ್ರರಿಗಳೋ, ನೀವು ಗಳಿಸಿದ ಅಂಕಗಳೋ ಆಗಿರುತ್ತವೆ.

ಪರೀಕ್ಷೆಯ ವಿಷಯ

ಪರೀಕ್ಷೆಗೆ ಕ್ಯಾಲ್ಕುಲೇಟರ್ ಒಯ್ಯುವವರು ಆ ಪರೀಕ್ಷೆಯ ನಿಯಮವನ್ನು ಮೊದಲೇ ಓದಿ. ಕೆಲವೆಡೆ ಮೆಮೊರಿ ಅಳಿಸಿಯೇ ಒಳಗೆ ಬಿಡುತ್ತಾರೆ, ಕೆಲವೆಡೆ ಪ್ರೋಗ್ರಾಮ್‌ಗಳನ್ನು ತಡೆಹಿಡಿಯುವ ಪರೀಕ್ಷಾ ಸ್ಥಿತಿಯಲ್ಲಿ ಇಡಲು ಹೇಳುತ್ತಾರೆ. ಯಂತ್ರ ಆಫ್ ಇರುವಾಗ ಎಡ ಬಾಣ, ಬಲ ಬಾಣ ಮತ್ತು ‘ಆನ್’ ಮೂರನ್ನೂ ಒಟ್ಟಿಗೆ ಒತ್ತಿ ಹಿಡಿದರೆ ಟಿಐ-84 ಪ್ಲಸ್ ಕುಟುಂಬದಲ್ಲಿ ಆ ಸ್ಥಿತಿಯ ಪರದೆ ತೆರೆಯುತ್ತದೆ. ಆಟಗಳ ಬಾಗಿಲನ್ನು ಮುಚ್ಚಿಸಿದ್ದೇ ಈ ಸ್ಥಿತಿಯನ್ನು ವಂಚಿಸುವ ಪ್ರಯತ್ನಗಳು ಎಂಬುದನ್ನು ಆಟ ಪ್ರೀತಿಸುವವರೆಲ್ಲ ನೆನಪಿಡಬೇಕು. ಪರೀಕ್ಷೆಯ ಹಿಂದಿನ ರಾತ್ರಿ ಎಲ್ಲವನ್ನೂ ಕಂಪ್ಯೂಟರ್‌ಗೆ ಎಳೆದಿಟ್ಟುಕೊಂಡು, ಶೆಲ್ ಮತ್ತು ಆಟಗಳನ್ನು ಅಳಿಸಿಬಿಡಿ. ಮರಳಿ ಹಾಕುವುದು ಐದು ನಿಮಿಷದ ಕೆಲಸ.

ಬೇರೆ ಯಂತ್ರಗಳು

ಜಗತ್ತಿನ ಮೊದಲ ಗ್ರಾಫಿಂಗ್ ಕ್ಯಾಲ್ಕುಲೇಟರ್ 1985ರ ಕ್ಯಾಸಿಯೊ ಎಫ್‌ಎಕ್ಸ್-7000ಜಿ. ಇಂದಿನ ಎಫ್‌ಎಕ್ಸ್-ಸಿಜಿ50ರಲ್ಲಿ ಆಟ ಹಾಕುವುದು ಟಿಐಗಿಂತ ಸುಲಭ. ಯುಎಸ್‌ಬಿ ಸಿಕ್ಕಿಸಿ ‘ಎಫ್1’ ಒತ್ತಿದರೆ ಯಂತ್ರ ಪೆನ್‌ಡ್ರೈವ್‌ನಂತೆ ಕಂಪ್ಯೂಟರ್‌ನಲ್ಲಿ ತೆರೆದುಕೊಳ್ಳುತ್ತದೆ. ‘ಜಿ3ಎ’ ಎಂದು ಕೊನೆಗೊಳ್ಳುವ ಫೈಲನ್ನು ಯಾವ ಫೋಲ್ಡರ್‌ಗೂ ಹಾಕದೆ ಹೊರಗೇ ಇಟ್ಟು, ಕ್ರಮಬದ್ಧವಾಗಿ ಎಜೆಕ್ಟ್ ಮಾಡಿ ಕೇಬಲ್ ತೆಗೆದರೆ ಮುಖ್ಯ ಮೆನುವಿನಲ್ಲಿ ಆಟದ ಚಿತ್ರ ಕಾಣುತ್ತದೆ. ಕಪ್ಪು-ಬಿಳುಪಿನ ಎಫ್‌ಎಕ್ಸ್-9860 ಸಾಲಿಗೆ ‘ಜಿ1ಎ’ ಫೈಲ್ ಬೇಕು.

2017ರಲ್ಲಿ ಫ್ರಾನ್ಸ್‌ನಿಂದ ಬಂದ ನಮ್‌ವರ್ಕ್ಸ್‌ಗೆ ತಂತ್ರಾಂಶವೇ ಬೇಡ. ಕ್ರೋಮ್ ಬ್ರೌಸರ್‌ನಲ್ಲಿ ಕಂಪನಿಯ ತಾಣ ತೆರೆದು, ಅಲ್ಲಿಂದಲೇ ಪೈಥಾನ್ ಸ್ಕ್ರಿಪ್ಟ್‌ಗಳನ್ನು ಯಂತ್ರಕ್ಕೆ ಕಳಿಸಬಹುದು. ಪರದೆಗೆ ‘ಕಾಂಡಿನ್‌ಸ್ಕಿ’, ಕೀಗಳಿಗೆ ‘ಅಯಾನ್’ ಎಂಬ ಮಾಡ್ಯೂಲ್‌ಗಳಿವೆ. ಟಿಐ-ಎನ್‌ಸ್ಪೈರ್‌ನಲ್ಲಿ 2011ರಿಂದ ಲುವಾ ಭಾಷೆಗೆ ಕಂಪನಿಯೇ ಅವಕಾಶ ಕೊಟ್ಟಿದೆ. ಆ ಆಟಗಳು ಸಾಮಾನ್ಯ ದಾಖಲೆಗಳಂತೆ ತೆರೆಯುತ್ತವೆ.

ಕೇಬಲ್ ಇಲ್ಲದವರಿಗೆ: ಆಟವನ್ನು ನೀವೇ ಬರೆಯಿರಿ

ಇದು ನನಗೆ ಎಲ್ಲಕ್ಕಿಂತ ಇಷ್ಟವಾದ ದಾರಿ. ಇದಕ್ಕೆ ಆವೃತ್ತಿಯ ಅಡ್ಡಿಯೂ ಇಲ್ಲ, ಬೇಸಿಕ್ ಎಲ್ಲ ಆವೃತ್ತಿಗಳಲ್ಲೂ ನಡೆಯುತ್ತದೆ. ‘ಪ್ರೋಗ್ರಾಮ್’ ಕೀ ಒತ್ತಿ, ‘ನ್ಯೂ’ ಆರಿಸಿ, ಹೆಸರು ಕೊಡಿ. ಒಂದು ಮಾತು ಮೊದಲೇ: ಆದೇಶಗಳನ್ನು ಅಕ್ಷರ ಅಕ್ಷರವಾಗಿ ಟೈಪ್ ಮಾಡಬೇಡಿ. ಯಂತ್ರದ ಪಾಲಿಗೆ ಪ್ರತಿ ಆದೇಶವೂ ಒಂದು ಅಖಂಡ ಸಂಕೇತ, ಅದನ್ನು ಮೆನುವಿನಿಂದಲೇ ಆರಿಸಬೇಕು. ಸಂಪಾದಿಸುವಾಗ ‘ಪ್ರೋಗ್ರಾಮ್’ ಕೀ ಒತ್ತಿದರೆ ಆ ಮೆನುಗಳು ತೆರೆಯುತ್ತವೆ.

ಪರದೆಯ ಮೇಲೆ ಒಂದು ಅಕ್ಷರವನ್ನು ಬಾಣದಿಂದ ಓಡಾಡಿಸೋಣ. ಮೊದಲ ಸಾಲುಗಳಲ್ಲಿ ಎ ಎಂಬ ಚರಕ್ಕೆ 4, ಬಿ ಎಂಬುದಕ್ಕೆ 8 ಎಂಬ ಬೆಲೆ ತುಂಬಿ. ಎ ಎಂದರೆ ಎಷ್ಟನೆಯ ಸಾಲು, ಬಿ ಎಂದರೆ ಎಷ್ಟನೆಯ ಕಂಬಸಾಲು. ನಂತರ ‘ರಿಪೀಟ್’ ಆದೇಶದಿಂದ ಸುತ್ತು ಆರಂಭಿಸಿ, ಕೆ ಎಂಬುದು 45 ಆಗುವವರೆಗೆ ನಡೆಯಲಿ ಎಂದು ಹೇಳಿ. ಸುತ್ತಿನೊಳಗೆ ‘ಔಟ್‌ಪುಟ್’ ಆದೇಶದಿಂದ ಎ, ಬಿ ಸ್ಥಾನದಲ್ಲಿ ಒಂದು ಅಕ್ಷರ ಮೂಡಿಸಿ. ‘ಗೆಟ್‌ಕೀ’ ಕೊಡುವ ಬೆಲೆಯನ್ನು ಕೆಗೆ ತುಂಬಿ. ಯಾವ ಕೀಯನ್ನೂ ಒತ್ತದಿದ್ದರೆ ಅದು ಸೊನ್ನೆ.

ಈ ಕೀ ಸಂಖ್ಯೆಗಳನ್ನು ಬಾಯಿಪಾಠ ಮಾಡಬೇಕಿಲ್ಲ. ಕೊನೆಯ ಅಂಕಿ ಕೀ ಎಡದಿಂದ ಎಷ್ಟನೆಯದು ಎಂದು ಹೇಳುತ್ತದೆ, ಅದಕ್ಕೂ ಮುಂಚಿನದು ಮೇಲಿನಿಂದ ಎಷ್ಟನೆಯ ಸಾಲು ಎಂದು. ‘ಕ್ಲಿಯರ್’ ನಾಲ್ಕನೆಯ ಸಾಲಿನ ಐದನೆಯ ಕೀ, ಆದ್ದರಿಂದ 45. ಹತ್ತನೆಯ ಸಾಲಿನ ಐದನೆಯದಾದ ‘ಎಂಟರ್’ 105. ಎಡ ಬಾಣ 24, ಮೇಲಿನದು 25, ಬಲದ್ದು 26, ಕೆಳಗಿನದು 34.

ಈಗ ಚಲನೆ. ನಾಲ್ಕು ದಿಕ್ಕಿಗೂ ‘ಇಫ್’ ಬರೆಯುತ್ತ ಹೋಗಬಹುದು, ಆದರೆ ಅದಕ್ಕಿಂತ ಚೆಲುವಾದ ದಾರಿ ಇದೆ. ಈ ಯಂತ್ರದಲ್ಲಿ ಯಾವುದೇ ಹೋಲಿಕೆ ನಿಜವಾದರೆ ಅದರ ಬೆಲೆ 1, ಸುಳ್ಳಾದರೆ 0. ಹಾಗಾಗಿ ಒಂದೇ ಸಾಲು ಸಾಕು:

ಬಿ + (ಕೆ = 26) − (ಕೆ = 24) → ಬಿ

ಬಲ ಬಾಣ ಒತ್ತಿದರೆ ಮೊದಲ ಆವರಣ 1 ಆಗಿ ಬಿ ಒಂದು ಹೆಚ್ಚುತ್ತದೆ. ಎಡ ಬಾಣ ಒತ್ತಿದರೆ ಎರಡನೆಯದು 1 ಆಗಿ ಒಂದು ಕಡಿಮೆಯಾಗುತ್ತದೆ. ಏನೂ ಒತ್ತದಿದ್ದರೆ ಎರಡೂ ಸೊನ್ನೆ, ಅಕ್ಷರ ನಿಂತಲ್ಲೇ ನಿಲ್ಲುತ್ತದೆ. ಇದೇ ರೀತಿ 34 ಮತ್ತು 25 ಬಳಸಿ ಎಗೆ ಇನ್ನೊಂದು ಸಾಲು ಬರೆಯಿರಿ. ‘ಎಂಡ್’ ಹಾಕಿ ಸುತ್ತು ಮುಗಿಸಿ.

ಓಡಿಸಿದರೆ ಎರಡು ಕೊರತೆಗಳು ಕೂಡಲೇ ಕಾಣುತ್ತವೆ. ಅಕ್ಷರ ನಡೆದ ದಾರಿಯಲ್ಲೆಲ್ಲ ತನ್ನ ನೆರಳನ್ನು ಬಿಟ್ಟುಹೋಗುತ್ತದೆ. ಕೀ ಒತ್ತಿದಾಗ, ಹೊಸ ಬೆಲೆ ತುಂಬುವ ಮೊದಲು, ಹಳೆಯ ಸ್ಥಾನದಲ್ಲಿ ಒಂದು ಖಾಲಿ ಜಾಗವನ್ನು ಔಟ್‌ಪುಟ್ ಮಾಡಿದರೆ ಅದು ಅಳಿಯುತ್ತದೆ. ಎರಡನೆಯದು, ಪರದೆಯ ಅಂಚು ದಾಟಿದೊಡನೆ ‘ಡೊಮೇನ್’ ದೋಷ ಬರುತ್ತದೆ. ಕಪ್ಪು-ಬಿಳುಪು ಯಂತ್ರದ ಪರದೆಯಲ್ಲಿ 8 ಸಾಲು, 16 ಕಂಬಸಾಲು. ಸಿಇಯಲ್ಲಿ 10 ಸಾಲು, 26 ಕಂಬಸಾಲು. ಹೊಸ ಬೆಲೆಯನ್ನು ತುಂಬುವ ಮೊದಲು ಅದನ್ನು ‘ಮ್ಯಾಕ್ಸ್’ ಮತ್ತು ‘ಮಿನ್’ ಆದೇಶಗಳ ಒಳಗಿಟ್ಟು ಈ ಮಿತಿಗೆ ಕಟ್ಟಿಹಾಕಿ.

ಇದಾದ ಮೇಲೆ ‘ರ‍್ಯಾಂಡ್‌ಇಂಟ್’ ಆದೇಶದಿಂದ ಎಲ್ಲೋ ಒಂದೆಡೆ ನಕ್ಷತ್ರ ಚಿಹ್ನೆಯೊಂದನ್ನು ಇಡಿ. ಎರಡೂ ಸ್ಥಾನಗಳು ಒಂದಾದಾಗ ಅಂಕ ಒಂದು ಹೆಚ್ಚಿಸಿ, ಚಿಹ್ನೆಯನ್ನು ಬೇರೆಡೆ ಇಡಿ. ಅಷ್ಟಾದರೆ ಅದು ಆಟವೇ. ನಡುವೆ ದೋಷ ಬಂದಾಗ ‘ಗೋಟು’ ಆರಿಸಿದರೆ ಯಂತ್ರ ನಿಮ್ಮನ್ನು ನೇರವಾಗಿ ತಪ್ಪಿದ ಸಾಲಿಗೇ ಒಯ್ದು ನಿಲ್ಲಿಸುತ್ತದೆ. ತಿದ್ದಿ, ‘ಸೆಕೆಂಡ್’ ಮತ್ತು ‘ಮೋಡ್’ ಒತ್ತಿ ಹೊರಬನ್ನಿ. ಮತ್ತೆ ಓಡಿಸುವ ಮೊದಲು ಮೆಮೊರಿಯ ಪಟ್ಟಿಗೆ ಹೋಗಿ, ಆ ದಿನದ ಒಂದು ಪ್ರತಿಯನ್ನು ನಕ್ಷತ್ರ ಹಾಕಿ ಎತ್ತಿಡಿ.